ಮೊದಲು ಕಾರ್ಡ್ ವಾಪಸ್ ಪಡೆಯಿರಿ

ನಿಮ್ಮ ಪತ್ರ ಓದಿದ ಮೇಲೆ ಎರಡು ದಿನ ಮನಸ್ಸು ಸರಿ ಇರಲಿಲ್ಲ. ಹದಿನಾರು ವರ್ಷದ ಸಂಸಾರ, ಸರ್ಕಾರಿ ಪ್ರೌಢಶಾಲೆಯಲ್ಲಿ ಕೆಲಸ. ಯಾವ ಸೀರೆ ಉಡಬೇಕು, ಫೋನಿನಲ್ಲಿ ಎಷ್ಟು ಹೊತ್ತು ಮಾತಾಡಬೇಕು, ಎಲ್ಲ ಗಂಡನೇ ಹೇಳಬೇಕು. ಈಗ ಅಣ್ಣನ ಮಗಳ ಮದುವೆ. ಚಪ್ಪರದ ದಿನವೇ ಹೋಗಬೇಕೆಂದು ನಿಮಗೆ ಆಸೆ. "ಮುಹೂರ್ತಕ್ಕೆ ಹೋಗಿ ಊಟ ಮುಗಿಸಿ ಬಾ" ಎಂದು ಅವರ ಅಪ್ಪಣೆ. ಅವರಿಗೆ ಸಿಟ್ಟು ಬರದ ಹಾಗೆ ಹೇಗೆ ಕೇಳಲಿ ಎನ್ನುವುದು ನಿಮ್ಮ ಪ್ರಶ್ನೆ.

ಮೂರನೇ ಪುಟದಲ್ಲಿ ಒಂದು ಮಾತು ಸುಮ್ನೆ ಬಂದು ಹೋಗುತ್ತದೆ. "ಎಟಿಎಂ ಕಾರ್ಡ್ ಅವರ ಹತ್ತಿರವೇ ಇರುತ್ತೆ. ಮೊದಲು ಬಸ್ಸಿಗೆ ದಿನಾ ದುಡ್ಡು ಕೊಡೋರು, ಶಕ್ತಿ ಯೋಜನೆ ಬಂದ ಮೇಲೆ ಅದೂ ಇಲ್ಲ." ಅಂದರೆ 2023ರ ಜೂನ್‌ನಿಂದ ನಿಮ್ಮ ಪರ್ಸ್ ಖಾಲಿ! ತಿಂಗಳಿಡೀ ಪಾಠ ಮಾಡುವವರು ನೀವು, ಒಂದು ಮೊಳ ಹೂವಿಗೂ ಕೈ ಚಾಚಬೇಕಾದವರೂ ನೀವೇ.

ದುಡಿದವರ ಕೈಯಲ್ಲಿ ದುಡ್ಡಿರಬೇಕು. ಇಲ್ಲಿ ಎಷ್ಟೋ ಸಲ ಬರೆದಿದ್ದೇನೆ, ಇನ್ನೂ ಬರೆಯುತ್ತೇನೆ. "ಅವರ ಸ್ವಭಾವವೇ ಹಾಗೆ, ಕೈ ಎತ್ತಿಲ್ಲವಲ್ಲ" ಎಂದು ಸಮಾಧಾನ ಮಾಡಿಕೊಳ್ಳಬೇಡಿ. 2005ರ ಕೌಟುಂಬಿಕ ದೌರ್ಜನ್ಯದಿಂದ ಮಹಿಳೆಯರ ಸಂರಕ್ಷಣಾ ಕಾಯ್ದೆಯಲ್ಲಿ ಆರ್ಥಿಕ ದೌರ್ಜನ್ಯವೂ ದೌರ್ಜನ್ಯವೇ.

ಗಂಡನಿಗಿಂತ ಜಾಸ್ತಿ ಕೋಪ ನನಗೆ ನಿಮ್ಮ ಅಣ್ಣನ ಮೇಲೆ. "ಹೊಂದ್ಕೊಂಡು ಹೋಗಮ್ಮ" ಅಂದರಂತೆ. ಮದುವೆ ಖರ್ಚಿಗೆ ನಿಮ್ಮ ಗಂಡನಿಂದ ಕೈಸಾಲ ಪಡೆದಿದ್ದಾರೆ ಎಂದೂ ನೀವೇ ಬರೆದಿದ್ದೀರಿ. ಅದರಲ್ಲಿ ನಿಮ್ಮ ಸಂಬಳ ಎಷ್ಟು ಸೇರಿದೆ ಎಂದು ಅವರು ಒಮ್ಮೆಯಾದರೂ ಕೇಳಿದ್ದಾರಾ? ತಂಗಿಯ ದುಡ್ಡಿನಲ್ಲಿ ಚಪ್ಪರ ಹಾಕಿಸಿ, ಆ ಚಪ್ಪರಕ್ಕೆ ತಂಗಿ ಬರದಿದ್ದರೂ ಪರವಾಗಿಲ್ಲ ಅಂದರೆ ಹೇಗೆ?

ಅನುಮತಿ ಕೇಳುವ ವಿಚಾರ ಬಿಡಿ. ಸೋಮವಾರ ಅರ್ಧ ದಿನ ರಜೆ ಹಾಕಿ, ಪಾಸ್‌ಬುಕ್, ಆಧಾರ್ ಹಿಡಿದು ಬ್ಯಾಂಕಿಗೆ ಹೋಗಿ. ನಿಮ್ಮ ಕಷ್ಟ ಗೊತ್ತಿರುವ ಆ ಸಹೋದ್ಯೋಗಿಯನ್ನೂ ಕರೆದುಕೊಳ್ಳಿ. ಖಾತೆಗೆ ಗಂಡನ ನಂಬರ್ ಇದ್ದರೆ ತೆಗೆಸಿ, ನಿಮ್ಮದು ಹಾಕಿಸಿ. ಹಳೆ ಕಾರ್ಡ್ ಬ್ಲಾಕ್ ಮಾಡಿಸಿ. ಹೊಸದು ಅಂಚೆಯಲ್ಲಿ ಮನೆಗೆ ಬಂದರೆ ಮತ್ತೆ ಅವರ ಕೈಗೇ ಸಿಗುತ್ತದೆ, ಅಲ್ವಾ? ಶಾಖೆಯಲ್ಲೇ ಕೊಡುತ್ತಾರಾ ಕೇಳಿ.

ಅವತ್ತೇ ಸಂಜೆ ಹೇಳಿ: "ನನ್ನ ಸಂಬಳ ಇನ್ನು ನಾನೇ ನೋಡ್ಕೋತೀನಿ. ಮನೆ ಖರ್ಚಿಗೆ ನನ್ನ ಪಾಲು ಕೊಡ್ತೀನಿ." ಅಷ್ಟೇ. ವಾದಕ್ಕೆ ನಿಲ್ಲಬೇಡಿ. ಕೈ ಎತ್ತುವ ಸೂಚನೆ ಕಂಡರೂ ಹೊರಗೆ ಬಂದು 181ಕ್ಕೆ ಫೋನ್ ಮಾಡಿ. ಅದು ಮಹಿಳಾ ಸಹಾಯವಾಣಿ, ಹಗಲು ರಾತ್ರಿ ಇರುತ್ತದೆ.

ಚಪ್ಪರದ ದಿನ ಬೆಳಿಗ್ಗೆಯೇ ಬಸ್ ಹತ್ತಿ. ಮದುಮಗಳಿಗೆ ಸೀರೆಯನ್ನು ನೀವೇ ಆರಿಸಿ, ನಿಮ್ಮ ದುಡ್ಡಿನಲ್ಲೇ ತೆಗೆದುಕೊಂಡು ಹೋಗಿ.