ವಾರಸಾ ಅರ್ಜಿಗೆ ತಹಶೀಲ್ದಾರರು ಆದೇಶವನ್ನೇ ಮಾಡದಿದ್ದರೆ ಯಾವ ನ್ಯಾಯಾಲಯಕ್ಕೆ ಹೋಗಬೇಕು?

ತಂದೆಯವರು ತೀರಿಕೊಂಡ ಮೇಲೆ ಜಮೀನಿನ ಉತಾರಕ್ಕೆ (ಪಹಣಿಗೆ) ವಾರಸುದಾರರ ಹೆಸರು ಸೇರಿಸಲು ಅರ್ಜಿ ಕೊಟ್ಟು ತಿಂಗಳುಗಳೇ ಕಳೆದಿವೆ, ಮಂಜೂರಾತಿಯೂ ಇಲ್ಲ, ತಿರಸ್ಕಾರವೂ ಇಲ್ಲ, ಸಿವಿಲ್ ನ್ಯಾಯಾಲಯದಲ್ಲಿ ದಾವೆ ಹೂಡಬಹುದೇ ಎಂದು ಕೇಳಿದ್ದೀರಿ. ಬೆಳಗಾವಿಯಲ್ಲಿ ಕಂದಾಯ ಪ್ರಕರಣಗಳನ್ನು ನಡೆಸುವ ವಕೀಲನಾಗಿ ಹೇಳುತ್ತೇನೆ, ಆ ದಾರಿ ಬೇಡ. ಹಕ್ಕುದಾಖಲೆಯಲ್ಲಿ ಹೆಸರು ಸೇರಿಸಿಕೊಡಿ ಎಂದು ಸರ್ಕಾರದ ಅಥವಾ ಅದರ ಅಧಿಕಾರಿಯ ವಿರುದ್ಧ ದಾವೆ ಹೂಡುವುದನ್ನು ಕರ್ನಾಟಕ ಭೂಕಂದಾಯ ಅಧಿನಿಯಮ, 1964ರ 135ನೇ ಕಲಮು ನಿರ್ಬಂಧಿಸುತ್ತದೆ.

ಅಧಿಕಾರಿ ಸುಮ್ಮನೆ ಕುಳಿತಿದ್ದಾರೆ ಎಂಬುದೇ ನಿಮ್ಮ ದೂರಾದರೆ, ಅದಕ್ಕೆ ಪರಿಹಾರ ಸಂವಿಧಾನದ 226ನೇ ವಿಧಿಯಡಿ ಉಚ್ಚ ನ್ಯಾಯಾಲಯಕ್ಕೆ ಸಲ್ಲಿಸುವ ರಿಟ್ ಅರ್ಜಿ. ಬೆಳಗಾವಿ ಮತ್ತು ಬಾಗಲಕೋಟೆ ಜಿಲ್ಲೆಯವರು ಧಾರವಾಡ ಪೀಠಕ್ಕೆ ಹೋಗಬೇಕು. ವಿಜಯಪುರದವರಿಗೆ ಕಲಬುರಗಿ ಪೀಠ. ಅಲ್ಲಿ ಕೇಳುವುದು ಮ್ಯಾಂಡಮಸ್, ಅಂದರೆ ಕಾನೂನು ಹೊರಿಸಿದ ಕರ್ತವ್ಯವನ್ನು ಮಾಡಿ ಮುಗಿಸುವಂತೆ ಅಧಿಕಾರಿಗೆ ಕೊಡುವ ಆಜ್ಞೆ. ಒಂದು ಮಾತನ್ನು ಮೊದಲೇ ತಿಳಿದುಕೊಳ್ಳಿ: ಇಂಥ ಪ್ರಕರಣದಲ್ಲಿ ನ್ಯಾಯಾಲಯ ಸಾಮಾನ್ಯವಾಗಿ ನಿಮ್ಮ ಹೆಸರನ್ನು ತಾನೇ ಉತಾರಕ್ಕೆ ಏರಿಸುವುದಿಲ್ಲ, ಜಮೀನು ಯಾರದೆಂದೂ ತೀರ್ಮಾನಿಸುವುದಿಲ್ಲ, ಅರ್ಜಿಯನ್ನು ಕಾನೂನಿನಂತೆ ಇಂತಿಷ್ಟು ಅವಧಿಯೊಳಗೆ ಇತ್ಯರ್ಥಪಡಿಸಿ ಎಂದು ನಿರ್ದೇಶಿಸುತ್ತದೆ.

ಆದ್ದರಿಂದ ನೀವು ಕೇಳಿದ್ದೀರಿ, ಅವರು ಮಾಡಲಿಲ್ಲ ಎಂಬುದನ್ನು ಕಾಗದವೇ ಹೇಳಬೇಕು. ತಲಾಟಿಯವರಿಗೆ (ಗ್ರಾಮ ಆಡಳಿತ ಅಧಿಕಾರಿಗೆ) ಬಾಯಿಮಾತಿನಲ್ಲಿ ಎಷ್ಟು ಸಲ ಹೇಳಿದರೂ ಅದು ನ್ಯಾಯಾಲಯದಲ್ಲಿ ನಿಲ್ಲುವುದಿಲ್ಲ. ಮೂಲ ಅರ್ಜಿಯ ದಿನಾಂಕ ಮತ್ತು ಸಕಾಲ (ಸರ್ಕಾರಿ ಸೇವೆಗಳನ್ನು ನಿಗದಿತ ಅವಧಿಯಲ್ಲಿ ಕೊಡಿಸುವ ರಾಜ್ಯದ ವ್ಯವಸ್ಥೆ) ಸ್ವೀಕೃತಿ ಸಂಖ್ಯೆಯನ್ನು ಉಲ್ಲೇಖಿಸಿ, ಸರ್ವೆ ನಂಬರು, ಮರಣ ಪ್ರಮಾಣಪತ್ರ ಹಾಗೂ ವಂಶವೃಕ್ಷದ ವಿವರಗಳೊಂದಿಗೆ ತಹಶೀಲ್ದಾರರಿಗೆ ಒಂದು ಮನವಿ ಬರೆಯಿರಿ. ಅದರ ಎರಡನೆಯ ಪ್ರತಿಯ ಮೇಲೆ ಕಚೇರಿಯ ಮೊಹರು, ದಿನಾಂಕ, ಇನ್‌ವರ್ಡ್ ನಂಬರ್ ಮೂರನ್ನೂ ಹಾಕಿಸಿಕೊಳ್ಳಿ. ತೆಗೆದುಕೊಳ್ಳಲು ಒಪ್ಪದಿದ್ದರೆ ಸ್ಪೀಡ್ ಪೋಸ್ಟ್‌ನಲ್ಲಿ ಕಳಿಸಿ, ರಸೀದಿಯನ್ನು ಜೋಪಾನ ಮಾಡಿ. ಕಡತ ಯಾರ ಮೇಜಿನ ಮೇಲಿದೆ ಎಂದು ಮಾಹಿತಿ ಹಕ್ಕು ಅಧಿನಿಯಮ, 2005ರಡಿ ಕೇಳಿ ಪಡೆದ ಉತ್ತರವೂ ರಿಟ್ ಅರ್ಜಿಗೆ ಬಲ ಕೊಡುತ್ತದೆ. ಸಕಾಲದಡಿ ಮೇಲ್ಮನವಿ ಸಲ್ಲಿಸಲು ಅವಕಾಶವಿದ್ದರೆ ಅದನ್ನೂ ಬಿಡಬೇಡಿ, ಬೇರೆ ಪರಿಹಾರವಿದ್ದೂ ನೇರವಾಗಿ ಇಲ್ಲಿಗೇಕೆ ಬಂದಿರಿ ಎಂಬ ಪ್ರಶ್ನೆ ನ್ಯಾಯಪೀಠದಿಂದ ಬರಬಹುದು.

ಈ ನಡುವೆ ತಹಶೀಲ್ದಾರರು ಅರ್ಜಿಯನ್ನು ತಿರಸ್ಕರಿಸಿ ಆದೇಶ ಮಾಡಿಬಿಟ್ಟರೆ ವಿಷಯವೇ ಬದಲಾಗುತ್ತದೆ. ಆಗ ವಿಳಂಬದ ಮಾತು ಮುಗಿಯಿತು. ಅದೇ ಭೂಕಂದಾಯ ಅಧಿನಿಯಮದ 136(2)ನೇ ಕಲಮಿನಂತೆ ಉಪವಿಭಾಗಾಧಿಕಾರಿಗಳಿಗೆ ಮೇಲ್ಮನವಿ, ಅಲ್ಲಿಂದ ಮುಂದೆ ಜಿಲ್ಲಾಧಿಕಾರಿಗಳಿಗೆ ಪುನರೀಕ್ಷಣೆ. ಅಣ್ಣತಮ್ಮಂದಿರಲ್ಲಿ ಯಾರಾದರೂ ನಿಮ್ಮ ಹಕ್ಕನ್ನೇ ಅಲ್ಲಗಳೆದರೆ ಮಾತ್ರ ಅವರ ವಿರುದ್ಧ ಹಕ್ಕು ಘೋಷಣೆ ಕೋರಿ ಸಿವಿಲ್ ದಾವೆ ಹೂಡಬೇಕಾಗುತ್ತದೆ.

ಉಚ್ಚ ನ್ಯಾಯಾಲಯದ ಆದೇಶ ಸಿಕ್ಕಿದ ಕೂಡಲೇ ಅದರ ದೃಢೀಕೃತ ನಕಲನ್ನು ತಹಶೀಲ್ದಾರ್ ಕಚೇರಿಗೆ ಸಲ್ಲಿಸಿ ಸ್ವೀಕೃತಿ ಪಡೆಯಿರಿ. ಕೊಟ್ಟ ಗಡುವು ಮೀರಿದರೆ ನ್ಯಾಯಾಂಗ ನಿಂದನೆಯ ಅರ್ಜಿ ಹಾಕಬಹುದು, ಆದರೆ ಅದನ್ನು ನಿಂದನೆ ನಡೆದ ಒಂದು ವರ್ಷದೊಳಗೇ ಹಾಕಬೇಕು.