ಏಳು ದಿನದ ಹಾಲು

ಮುಳಬಾಗಿಲು ಕಡೆಯಿಂದ ಒಬ್ಬ ಹೆಣ್ಣುಮಗಳು ಪತ್ರ ಬರೆದಿದಾರೆ, ಹೆಸರು ಹಾಕ್ಬೇಡಿ ಅಂದಿದಾರೆ. ಸಾರ ಇಷ್ಟು. ಮನೇಲಿ ಎರಡು ಎಚ್‌ಎಫ್ (ಸೀಮೆ ತಳಿ) ಹಸು, ಒಂದಕ್ಕೆ ಕೆಚ್ಚಲುಬಾವು ಬಂತು. ಡಾಕ್ಟರ್ ಮೂರು ದಿನ ಆಂಟಿಬಯಾಟಿಕ್ ಕೊಟ್ಟು, ಔಷಧಿ ನಡೆಯೋ ಮೂರು ದಿನ ಮತ್ತೆ ಆಮೇಲೆ ನಾಲ್ಕು ದಿನ ಈ ಹಸು ಹಾಲು ಡೈರಿಗೆ ಹಾಕ್ಬೇಡಿ ಅಂದ್ರಂತೆ. ಇವರು ಏಳು ದಿನವೂ ಚೆಲ್ಲಿದ್ರು. ಅತ್ತೆ "ಲಕ್ಷ್ಮೀನ ಮಣ್ಣಿಗೆ ಸುರೀತೀಯಲ್ಲೇ" ಅಂತ ಮಾತು ಬಿಟ್ಟಿದಾರೆ. ಗಂಡ "ಊರಲ್ಲಿ ಯಾರೂ ಮಾಡದೇ ಇರೋದು ನಿಂಗ್ಯಾಕೆ, ಅಷ್ಟು ಹಾಲಲ್ಲಿ ನಮ್ದು ಯಾರಿಗೆ ಗೊತ್ತಾಗುತ್ತೆ" ಅಂದ್ರಂತೆ. ಕೊನೇಲಿ ಅವರು ಕೇಳಿರೋದು: "ಸರ್, ಎರಡೂವರೆ ಸಾವಿರ ಹೋಗಿದ್ದು ಬಿಟ್ರೆ, ನಾನೊಬ್ಬಳು ಚೆಲ್ಲಿದ್ರಿಂದ ಯಾರಿಗೆ ಏನಾಯ್ತು?"

ಅಮ್ಮಾ, ನಿಮ್ಮ ಪತ್ರ ಬಂದು ಹದಿನೈದು ದಿನ ಆಯ್ತು. ತಕ್ಷಣ ಉತ್ತರ ಬರೆಯೋಕೆ ಆಗ್ಲಿಲ್ಲ, ಕಾರಣ ಹೇಳ್ತೀನಿ. ನಾನು ಪಿಯುಸಿ ಓದುವಾಗ ಬೆಳಿಗ್ಗೆ ಸೈಕಲ್ ಮೇಲೆ ಡೈರಿಗೆ ಹಾಲು ಹಾಕೋ ಕೆಲಸ ನಂದೇ ಆಗಿತ್ತು. ಒಂದ್ಸಲ ನಮ್ಮ ಹಸುಗೂ ಇದೇ ಕೆಚ್ಚಲುಬಾವು ಬಂತು, ಇಂಜೆಕ್ಷನ್ ಆಯ್ತು, ಹಾಲಲ್ಲಿ ಗಡ್ಡೆ ಗಡ್ಡೆ ಬರೋದು ನಿಂತ ತಕ್ಷಣ ಅಪ್ಪ "ಹಾಕ್ಬಾ ಹೋಗು, ಫೀಸ್ ಕಟ್ಬೇಕು" ಅಂದ್ರು, ನಾನು ಹಾಕ್ಬಂದೆ. ಡಾಕ್ಟರ್ ಬೇಡ ಅಂತ ಹೇಳಿದ್ದು ನಂಗೆ ಗೊತ್ತಿತ್ತು, ಆದ್ರೂ ಹಾಕ್ದೆ. ಆ ಹಾಲು ಎಲ್ಲಿಗೆ ಹೋಯ್ತು, ಯಾವ ಮನೆ ಮಗು ಕುಡೀತು, ಇವತ್ತಿಗೂ ಗೊತ್ತಿಲ್ಲ ನಂಗೆ. ನಿಮ್ಮ ಪತ್ರ ಓದಿದಾಗ ಆ ಸೈಕಲ್ಲು, ಆ ಕ್ಯಾನು, ಎಲ್ಲ ಕಣ್ಮುಂದೆ ಬಂದ್ಬಿಡ್ತು.

ಈಗ ನಿಮ್ಮ ಯಜಮಾನರ ಮಾತಿಗೆ ಬರ್ತೀನಿ, "ಯಾರಿಗೆ ಗೊತ್ತಾಗುತ್ತೆ" ಅನ್ನೋದು. ಅವರು ಹೇಳಿದ್ದು ನಿಜ, ಊರ ಡೈರಿಲಿ ಗೊತ್ತಾಗಲ್ಲ. ಅಲ್ಲಿರೋ ಮಿಷನ್ನು ನೋಡೋದು ಫ್ಯಾಟ್ ಎಷ್ಟು, ಎಸ್‌ಎನ್‌ಎಫ್ (ಕೊಬ್ಬು ಬಿಟ್ಟು ಉಳಿದ ಗಟ್ಟಿ ಅಂಶ) ಎಷ್ಟು ಅಂತ. ನೀರು ಬೆರೆಸಿದ್ರೆ ಸಿಕ್ಕಿಬೀಳ್ತಾರೆ, ಔಷಧಿ ಇದ್ರೆ ಅದು ತೋರಿಸಲ್ಲ. ಹಾಲು ನೋಡೋಕೂ ಬೆಳ್ಳಗೇ ಇರುತ್ತೆ, ವಾಸನೆನೂ ಬರಲ್ಲ. ಆದ್ರೆ ಅಲ್ಲಿಂದ ಮುಂದೆ ನೋಡಿ, ನಿಮ್ಮ ಹತ್ತು ಲೀಟರು ಊರಿನ ಹಾಲಿಗೆ ಸೇರುತ್ತೆ, ಅದು ಹಾಲು ತಣ್ಣಗಿಡೋ ಬಿಎಂಸಿ ಸೆಂಟರ್‌ನಲ್ಲಿ ಅಕ್ಕಪಕ್ಕದ ನಾಲ್ಕೈದು ಊರಿನ ಹಾಲಿನ ಜೊತೆ ಬೆರೆಯುತ್ತೆ, ಅಲ್ಲಿಂದ ಸಾವಿರಾರು ಲೀಟರ್ ಟ್ಯಾಂಕರ್‌ಗೆ ಹೋಗುತ್ತೆ, ಆ ಟ್ಯಾಂಕರ್ ಹಾಲು ದೊಡ್ಡ ಡೈರಿಲಿ ಸ್ಟ್ರಿಪ್ ಹಾಕಿ ಟೆಸ್ಟ್ ಮಾಡಿದಾಗ ಔಷಧಿ ಸಿಕ್ಕಿದ್ರೆ ಅಷ್ಟೂ ಹಾಲು ಬೇಡ ಅಂತಾರೆ, ಅವತ್ತು ಸಗಣಿ ಬಾಚಿ, ಹುಲ್ಲು ಕೊಯ್ದು, ಕತ್ತಲಲ್ಲೇ ಎದ್ದು ಹಾಲು ಕರೆದ ಅಷ್ಟೂ ಮನೆಯೋರ ಕೆಲಸ ಒಂದೇ ಏಟಿಗೆ ಹಾಳು. ಸಿಗದೇ ಹೋದ್ರೆ ಇನ್ನೊಂದು ಥರ. ಮೊಸರು ಹೆಪ್ಪು ಹಿಡಿಸೋದೂ ಬ್ಯಾಕ್ಟೀರಿಯಾನೇ ಅಲ್ವಾ, ಔಷಧಿ ಅದನ್ನೂ ಬಿಡಲ್ಲ, ಎಷ್ಟು ಹೊತ್ತು ಇಟ್ರೂ ಮೊಸರು ಸರಿಯಾಗಿ ಹೆಪ್ಪಾಗದೇ ಹೋಗಬಹುದು. ಪೆನ್ಸಿಲಿನ್ ಒಗ್ಗದೇ ಇರೋ ಮನುಷ್ಯ ಕುಡಿದ್ರೆ ಮೈಮೇಲೆ ದದ್ದು ಏಳಬಹುದು. ಕುದಿಸಿಬಿಟ್ರೆ ಎಲ್ಲಾ ಹೋಗುತ್ತೆ ಅಂತಾರೆ ನಮ್ಮ ಕಡೆ, ಪೂರ್ತಿ ಹೋಗಲ್ಲ ಅಮ್ಮಾ.

ಇದಕ್ಕಿಂತ ದೊಡ್ಡದು ಇನ್ನೊಂದಿದೆ. ಪೆನ್ಸಿಲಿನ್ ಕಂಡುಹಿಡಿದ ಅಲೆಕ್ಸಾಂಡರ್ ಫ್ಲೆಮಿಂಗ್‌ಗೆ 1945ರಲ್ಲಿ ನೊಬೆಲ್ ಬಂತು. ಅವತ್ತಿನ ಭಾಷಣದಲ್ಲಿ ಆತ ಒಂದು ಕಲ್ಪನೆಯ ಉದಾಹರಣೆ ಕೊಟ್ರು. ಒಬ್ಬನಿಗೆ ಗಂಟಲು ನೋವು, ತಾನೇ ಪೆನ್ಸಿಲಿನ್ ತಗೊಂಡು ಅರ್ಧಂಬರ್ಧ ಡೋಸ್ ಹಾಕ್ಕೊಂಡ. ರೋಗಾಣು ಸಾಯೋಕೆ ಅದು ಸಾಲ್ದು, ಆದ್ರೆ ಔಷಧಿ ತಡ್ಕೊಳ್ಳೋದು ಹೇಗೆ ಅಂತ ಕಲಿಯೋಕೆ ಸಾಕಾಯ್ತು. ಆ ರೋಗಾಣು ಅವನ ಹೆಂಡತಿಗೆ ಅಂಟ್ತು, ಅವಳಿಗೆ ನ್ಯುಮೋನಿಯಾ ಆಯ್ತು, ಅದೇ ಪೆನ್ಸಿಲಿನ್ ಕೊಟ್ರೆ ಕೆಲಸ ಮಾಡ್ಲಿಲ್ಲ, ಅವಳು ಸತ್ತೋದ್ಲು. ಈ ಸಾವಿಗೆ ಕಾರಣ ಯಾರು ಅಂತ ಫ್ಲೆಮಿಂಗ್ ಕೇಳಿದ್ರು. ಔಷಧಿ ಬಳಕೆಗೆ ಬಂದು ಇನ್ನೂ ಕೆಲವೇ ವರ್ಷ ಆಗಿತ್ತು ಆಗ, ಅದನ್ನ ಕಂಡುಹಿಡಿದವರೇ ನಿಂತು ಎಚ್ಚರಿಸಿದ್ರು! ಹಾಲಲ್ಲಿ ಸೇರೋ ಚೂರು ಚೂರು ಔಷಧಿನೂ ರೋಗಾಣುಗೆ ಇಂಥದೇ ಪಾಠ. ನಮ್ಮ ದೇಶದಲ್ಲೂ 2012ರಲ್ಲಿ ಔಷಧಿ ನಿಯಮಕ್ಕೆ ತಿದ್ದುಪಡಿ ತಂದ್ರು, ಪಶುಗಳ ಔಷಧಿ ಮೇಲೆ ಎಷ್ಟು ದಿನ ಹಾಲು ಬಳಸಬಾರದು ಅಂತ ಬರೀಬೇಕು, ಆ ಔಷಧಿಗೆ ಅಂತ ದಿನ ಗೊತ್ತುಮಾಡಿಲ್ಲ ಅಂದ್ರೆ ಕೊನೇ ಡೋಸ್ ಆದ್ಮೇಲೆ ಕನಿಷ್ಠ 7 ದಿನ ಅಂತ. ಅಂದ್ರೆ ನೀವು ಮಾಡಿದ್ದು ಅತಿ ಅಲ್ಲ, ನಿಮಗೆ ಹುಚ್ಚೂ ಹಿಡಿದಿಲ್ಲ. ಡಾಕ್ಟರ್ ಹೇಳಿದ್ದನ್ನ ಕೇಳಿ ನಡ್ಕೊಂಡಿದೀರಿ ಅಷ್ಟೆ, ಅದನ್ನ ಎಷ್ಟು ಜನ ಮಾಡ್ತಾರೆ ಹೇಳಿ.

ನಮ್ಮ ಕೋಲಾರ ಜಿಲ್ಲೆಯೋರಿಗೆ ಈ ವಿಷಯ ಹೊಸದೇನಲ್ಲ ಅನ್ಸುತ್ತೆ ನಂಗೆ. ವರ್ಷ ಪೂರ್ತಿ ಹರಿಯೋ ನದಿ ಇಲ್ಲದ ಸೀಮೆ ನಮ್ದು, ಇರೋದೆಲ್ಲ ಕೆರೆಗಳ ಸಾಲು. ಮೇಲಿನ ಕೆರೆ ಕೋಡಿ ಬಿದ್ರೆ ತಾನೇ ಕೆಳಗಿನ ಕೆರೆಗೆ ನೀರು. ಮೇಲಿನ ಊರಲ್ಲಿ ಯಾರೋ ಒಬ್ಬ ರಾಜಕಾಲುವೆಗೆ ನಾಲ್ಕು ಟ್ರ್ಯಾಕ್ಟರ್ ಮಣ್ಣು ಸುರಿದ್ರೆ, ಅವನ ಮುಖನೇ ನೋಡದ ಮೂರನೇ ಊರಿನೋರ ಗದ್ದೆ ಒಣಗುತ್ತೆ. ನಂದಿಬೆಟ್ಟದ ಕಡೆ ಹುಟ್ಟೋ ಪಾಲಾರ್ ಬೇತಮಂಗಲದ ಮೇಲೆ ಹಾದು, ಆಂಧ್ರ ದಾಟಿ ತಮಿಳುನಾಡಲ್ಲಿ ಸಮುದ್ರ ಸೇರುತ್ತೆ. ಆ ಹೆಸರಿನ ಅರ್ಥನೂ ಹಾಲಿನ ಹೊಳೆ ಅಂತಲೇ, ಮನೇಲಿ ತೆಲುಗು ಆಡೋ ನಿಮ್ಮ ಕಡೆಯೋರಿಗೆ ಪಾಲು ಅಂದ್ರೇನು ಅಂತ ನಾನು ಹೇಳ್ಬೇಕಾಗಿಲ್ಲ. ನಿಮ್ಮ ಕ್ಯಾನಿಂದ ಹೊರಟ ಹಾಲಿಗೂ ಹಾಗೇ ಕೆಳಗಡೆ ಊರುಗಳಿದಾವೆ, ನಿಮಗೆ ಕಾಣಲ್ಲ ಅಷ್ಟೆ. ಅದಕ್ಕೇ "ಯಾರಿಗೆ ಏನಾಯ್ತು" ಅಂತ ಕೇಳಿದ್ರೆ ಹೆಸರು ಹಿಡಿದು ಹೇಳೋಕೆ ನನ್ನಿಂದಾಗಲ್ಲ. ಆಗದೇ ಇದ್ದ ಕೆಡುಕು ಯಾರ ಮನೇಲೂ ಕಾಣಲ್ಲ, ಯಾರೂ ಬಂದು ನಿಮಗೆ ಥ್ಯಾಂಕ್ಸ್ ಹೇಳಲ್ಲ. ನಾನು ಹಾಕಿದ ಹಾಲಿಗೂ ಯಾರೂ ಬಂದು ಬೈಲಿಲ್ಲವಲ್ಲಾ, ಅದೇ ಥರ.

ಆದ್ರೆ ನಿಮ್ಮ ಅತ್ತೆ ಮೇಲೆ ಬೇಜಾರು ಮಾಡ್ಕೋಬೇಡಿ. ಬರಗಾಲ ನೋಡಿರೋ ಜೀವಕ್ಕೆ ಹಾಲು ಮಣ್ಣಿಗೆ ಹೋಗೋದು ನೋಡಿದ್ರೆ ಹೊಟ್ಟೆ ಉರಿಯುತ್ತೆ, ಉರೀಲೇಬೇಕು. ನಂಗೆ ಕೋಪ ಇರೋದು ಬೇರೆ ಕಡೆ. ಜಿಲ್ಲೆಗೆಲ್ಲ ಒಳ್ಳೇದಾಗೋ ಕೆಲಸಕ್ಕೆ ಒಂದೇ ಮನೆ ಎರಡೂವರೆ ಸಾವಿರ ಕಳ್ಕೊಳ್ಳೋದು ಯಾವ ನ್ಯಾಯ? ಹಾಲಿನ ಸಂಘಕ್ಕೆ ಲಾಭ ಬಂದಾಗ ಬೋನಸ್ ಹಂಚ್ತೀವಿ, ಹಿಂಗೆ ಪ್ರಾಮಾಣಿಕವಾಗಿ ಹಾಲು ನಿಲ್ಲಿಸಿದೋರ ನಷ್ಟನೂ ಸ್ವಲ್ಪ ಹಂಚ್ಕೋಬೇಕು. ಡಾಕ್ಟರ್ ಚೀಟಿ ತೋರ್ಸಿದ್ರೆ ಲೀಟರಿಗೆ ಇಷ್ಟು ಅಂತ ಕೊಡ್ಲಿ, ಆಗ ನನ್ನಪ್ಪನ ಥರ ಫೀಸಿಗೋಸ್ಕರ ಹಾಲು ಹಾಕೋ ಮನೆಗಳಿಗೂ ಹಾಕದೇ ಇರೋ ಧೈರ್ಯ ಬರುತ್ತೆ. ನಿಮ್ಮ ಸಂಘದ ವಾರ್ಷಿಕ ಸಭೇಲಿ ಇದನ್ನ ಎತ್ತಿ, ಒಬ್ರೇ ಎದ್ದು ನಿಂತ್ರೂ ಪರವಾಗಿಲ್ಲ, ಸೆಕ್ರೆಟರಿ ಹತ್ರ ಬುಕ್ಕಲ್ಲಿ ಬರೆಸಿ. ಈ ಪತ್ರಿಕೆಲಿ ನಾನೂ ಬರೀತೀನಿ.

ಎರಡು ಮಾತು ಮರೀದೇ ಹೇಳ್ಬೇಕು. ಒಂದೇ ಮೊಲೆಗೆ ಔಷಧಿ ಟ್ಯೂಬ್ ಹಾಕಿದ್ರೂ ನಾಲ್ಕೂ ಮೊಲೆ ಹಾಲು ಬಿಡ್ಬೇಕು, ಉಳಿದ ಮೂರು ಚೆನ್ನಾಗಿದೆಯಲ್ಲ ಅಂತ ಹಾಕ್ಬಾರ್ದು. ಆ ಹಾಲನ್ನ ಕರುಗೂ ಕುಡಿಸ್ಬೇಡಿ, ಮೋರಿಗೂ ಬಿಡ್ಬೇಡಿ, ಬಾವಿ ಬೋರ್‌ವೆಲ್ಲಿಂದ ದೂರ ಗುಂಡಿ ತೆಗೆದು ಸುರೀರಿ. ಮತ್ತೆ, ಹಸು ಹೇಗಿದೆ ಅಂತ ನೀವು ಬರೆದೇ ಇಲ್ಲ. ಊತ ಪೂರ್ತಿ ಇಳೀತಾ, ಆ ಮೊಲೇಲಿ ಹಾಲು ಮೊದಲಿನಷ್ಟು ಬರ್ತಿದೆಯಾ? ಒಂದು ಕಾರ್ಡ್ ಹಾಕಿ.

— ಸಂಪಾದಕ