ಅವಿಶ್ವಾಸ ನಿರ್ಣಯ: ಹೈಕೋರ್ಟ್ ನೋಡುವುದು ಕಾರಣವನ್ನಲ್ಲ, ಕ್ರಮವನ್ನು

ಪ್ರಶ್ನೆ: ನಾನು 17 ಸದಸ್ಯರಿರುವ ಗ್ರಾಮ ಪಂಚಾಯಿತಿಯೊಂದರ ಅಧ್ಯಕ್ಷೆ. 11 ಸದಸ್ಯರು ಸಹಿ ಮಾಡಿ, ನನ್ನ ವಿರುದ್ಧ ಅವಿಶ್ವಾಸ ನಿರ್ಣಯ ಮಂಡಿಸಲು ಉಪವಿಭಾಗಾಧಿಕಾರಿಗಳಿಗೆ ಅರ್ಜಿ ಕೊಟ್ಟಿದ್ದಾರೆ. ಸಭೆ 18ನೇ ತಾರೀಖಿಗೆ ನಿಗದಿಯಾಗಿದೆ. ನೋಟಿಸ್ ನನ್ನ ಕೈಸೇರಿದ್ದು 4ರಂದು. ಅರ್ಜಿಯಲ್ಲಿ ನನ್ನ ಮೇಲೆ ಒಂದು ಆರೋಪವೂ ಇಲ್ಲ. ಇದನ್ನು ಹೈಕೋರ್ಟಿನಲ್ಲಿ ಪ್ರಶ್ನಿಸಬಹುದೇ?
– ಹೆಸರು ಬೇಡ, ತುಮಕೂರು ಜಿಲ್ಲೆ

ಉತ್ತರ: ಪ್ರಶ್ನಿಸಬಹುದು. ಆದರೆ ನಿಮ್ಮನ್ನು ಹೆಚ್ಚು ನೋಯಿಸಿರುವ ಸಂಗತಿ, ಅಂದರೆ ಕಾರಣವನ್ನೇ ಹೇಳದೆ ಕೆಳಗಿಳಿಸಲು ಹೊರಟಿರುವುದು, ನ್ಯಾಯಾಲಯದಲ್ಲಿ ನಿಮ್ಮ ನೆರವಿಗೆ ಬರುವುದು ಕಷ್ಟ. ಗುಜರಾತಿನ ಪುರಸಭೆಯೊಂದರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1974ರಲ್ಲಿಯೇ ಖಂಡನಾ ನಿರ್ಣಯವನ್ನೂ ಅವಿಶ್ವಾಸ ನಿರ್ಣಯವನ್ನೂ ಬೇರ್ಪಡಿಸಿ ನೋಡಿದೆ. ಖಂಡಿಸುವುದಾದರೆ ತಪ್ಪು ಯಾವುದೆಂದು ಹೇಳಬೇಕು, ವಿಶ್ವಾಸವಿಲ್ಲ ಎನ್ನುವುದಕ್ಕೆ ಕಾರಣ ನಮೂದಿಸಬೇಕಾಗಿಲ್ಲ ಎಂಬುದು ಅದರ ಸಾರ.

ನಿಮ್ಮ ಬಲವಿರುವುದು ಕ್ರಮದಲ್ಲಿ. ಕರ್ನಾಟಕ ಗ್ರಾಮ ಸ್ವರಾಜ್ ಮತ್ತು ಪಂಚಾಯತ್ ರಾಜ್ ಅಧಿನಿಯಮ, 1993ರ 49ನೇ ಪ್ರಕರಣ ಮತ್ತು ಅದರಡಿ 1994ರಲ್ಲಿ ರಚಿಸಿದ ನಿಯಮಗಳ ಪ್ರಕಾರ, ಒಟ್ಟು ಸದಸ್ಯರಲ್ಲಿ ಕನಿಷ್ಠ ಅರ್ಧದಷ್ಟು ಮಂದಿ ಸಹಿ ಮಾಡಿದ ನೋಟಿಸನ್ನು, ಸಹಿ ಮಾಡಿದವರಲ್ಲೇ ಇಬ್ಬರು ಖುದ್ದಾಗಿ ಹೋಗಿ ಉಪವಿಭಾಗಾಧಿಕಾರಿಗೆ ತಲುಪಿಸಬೇಕು. ಅವರು 30 ದಿನಗಳೊಳಗೆ ಪಂಚಾಯಿತಿ ಕಚೇರಿಯಲ್ಲಿ ಸಭೆ ಕರೆಯಬೇಕು, ಮತ್ತು ಸದಸ್ಯರಿಗೆ 15 ಪೂರ್ಣ ದಿನಗಳಿಗೆ ಕಡಿಮೆಯಿಲ್ಲದ ಸಭೆಯ ನೋಟಿಸ್ ಕೊಡಬೇಕು. ಪೂರ್ಣ ದಿನ ಎಂದರೆ ನೋಟಿಸ್ ಕೊಟ್ಟ ದಿನವನ್ನೂ ಸಭೆಯ ದಿನವನ್ನೂ ಬಿಟ್ಟು ಎಣಿಸಬೇಕಾದ ದಿನಗಳು. ನಿಮ್ಮ ಲೆಕ್ಕದಲ್ಲಿ 5ರಿಂದ 17ರವರೆಗೆ ಸಿಗುವುದು 13 ದಿನ ಮಾತ್ರ. ನೋಟಿಸ್ 4ರಂದೇ ಕೈಸೇರಿದ್ದಾದರೆ ಸಭೆ 20ಕ್ಕಿಂತ ಮೊದಲು ನಡೆಯುವಂತಿರಲಿಲ್ಲ. ನೋಟಿಸ್ ಪಡೆದಾಗ ನೀವು ಸಹಿಯ ಜೊತೆಗೆ ತಾರೀಖು ಬರೆದಿದ್ದೀರಾ ಎಂಬುದನ್ನು ಮೊದಲು ಖಚಿತಪಡಿಸಿಕೊಳ್ಳಿ, ಏಕೆಂದರೆ ನಿಮ್ಮ ವಾದವೆಲ್ಲ ಆ ತಾರೀಖಿನ ಮೇಲೆಯೇ ನಿಂತಿದೆ.

ಇಷ್ಟಾದರೂ ಎರಡು ದಿನ ಕೊರತೆಯಾಯಿತೆಂದ ಮಾತ್ರಕ್ಕೆ ಗೆಲುವು ಖಚಿತ ಎಂದು ನಾನು ಹೇಳಲಾರೆ. ಹೊಳೆನರಸೀಪುರ ಪುರಸಭೆಯ ಅಧ್ಯಕ್ಷರ ವಿರುದ್ಧದ ಅವಿಶ್ವಾಸ ನಿರ್ಣಯ 1960ರ ದಶಕದಲ್ಲಿ ಸುಪ್ರೀಂ ಕೋರ್ಟಿನವರೆಗೆ ಹೋಗಿತ್ತು. ಅಲ್ಲಿ ಮೂರು ಪೂರ್ಣ ದಿನಗಳ ನೋಟಿಸ್ ಬೇಕಿತ್ತು, ಕೆಲವರಿಗೆ ಅದು ತಡವಾಗಿ ತಲುಪಿತ್ತು. ಆದರೂ ಇದರಿಂದ ಸಭೆಯ ನಡವಳಿಗೆ ಬಾಧಕವಾಗಿಲ್ಲವೆಂದು ನಿರ್ಣಯವನ್ನು ನ್ಯಾಯಾಲಯ ಎತ್ತಿಹಿಡಿಯಿತು. ಬಾಧಕವಾಗದಿದ್ದರೆ ನೋಟಿಸ್ ಜಾರಿಯ ಲೋಪದಿಂದ ನಿರ್ಣಯ ಅಸಿಂಧುವಾಗದು ಎಂಬ ಉಪಬಂಧ ಆಗಿನ ಮೈಸೂರು ಪುರಸಭಾ ಕಾಯ್ದೆಯಲ್ಲಿಯೇ ಇತ್ತು. ಪಂಚಾಯಿತಿ ನಿಯಮದ 15 ದಿನಗಳ ಷರತ್ತು ಬೇರೆ ಭಾಷೆಯಲ್ಲಿದೆ ಎಂದು ನಿಮ್ಮ ವಕೀಲರು ವಾದಿಸಬಹುದು, ಆ ವಾದಕ್ಕೆ ತೂಕವಿದೆ ಎಂಬುದು ನನ್ನ ಅಭಿಪ್ರಾಯ. ಆದರೆ ಮೌನವಾಗಿ ಸಭೆಗೆ ಹೋಗಿ, ಮತ ಹಾಕಿ, ಸೋತ ಮೇಲೆ ನೋಟಿಸಿನ ಕೊರತೆಯನ್ನು ಎತ್ತಿದರೆ ಆ ತೂಕ ಉಳಿಯುವುದಿಲ್ಲ. ಆದ್ದರಿಂದ ಈಗಲೇ ಉಪವಿಭಾಗಾಧಿಕಾರಿಗಳಿಗೆ ಲಿಖಿತ ಆಕ್ಷೇಪಣೆ ಸಲ್ಲಿಸಿ ಸ್ವೀಕೃತಿ ಪಡೆಯಿರಿ, ಸಭೆಗೆ ಮುನ್ನವೇ ಹೈಕೋರ್ಟಿನಲ್ಲಿ ರಿಟ್ ಅರ್ಜಿ (ಅಧಿಕಾರಿಯ ಕ್ರಮವನ್ನು ನೇರವಾಗಿ ಪ್ರಶ್ನಿಸುವ ಅರ್ಜಿ) ಹಾಕಿ. ನಿರ್ಣಯ ಅಂಗೀಕಾರವಾದ ಕ್ಷಣವೇ ಹುದ್ದೆ ತೆರವಾಯಿತೆಂದು ಕಾನೂನು ಭಾವಿಸುತ್ತದೆ, ಆಮೇಲೆ ಅದನ್ನು ಮರಳಿ ಪಡೆಯುವ ಹೋರಾಟ ಬಹಳ ದೀರ್ಘವಾಗುತ್ತದೆ.

ಇನ್ನೊಂದು ಲೆಕ್ಕವನ್ನು ನೀವು ಗಮನಿಸಿದಂತಿಲ್ಲ. ಸದಸ್ಯರು ಕೊಡುವ ಅವಿಶ್ವಾಸದ ನೋಟಿಸಿಗೆ 9 ಸಹಿ ಸಾಕು, ಆದರೆ ನಿರ್ಣಯ ಗೆಲ್ಲಲು ಹಾಜರಿದ್ದವರಲ್ಲಲ್ಲ, ಒಟ್ಟು ಸದಸ್ಯರಲ್ಲಿಯೇ ಮೂರನೇ ಎರಡು ಭಾಗಕ್ಕೆ ಕಡಿಮೆಯಿಲ್ಲದ ಬಹುಮತ ಬೇಕು. 17ರ ಮೂರನೇ ಎರಡು ಭಾಗ 11ನ್ನು ದಾಟುವುದರಿಂದ 12 ಮತ ಅಗತ್ಯ. ಸಹಿ ಮಾಡಿದ 11 ಮಂದಿಯೂ ಒಗ್ಗಟ್ಟಾಗಿ ನಿಂತರೂ ಒಂದು ಮತ ಕಡಿಮೆಯೇ. ತಡೆಯಾಜ್ಞೆ ಸಿಕ್ಕರೂ ಅದು ತೆರವಾದ ಮೇಲೆ 30 ದಿನಗಳೊಳಗೆ, ಮತ್ತೆ 15 ಪೂರ್ಣ ದಿನಗಳ ನೋಟಿಸ್ ಕೊಟ್ಟು, ಸಭೆ ನಡೆಸಬೇಕೆಂದು ನಿಯಮಗಳೇ ಹೇಳುತ್ತವೆ. ನೋಟಿಸ್ ರದ್ದಾದರೆ ಅವರು ಹೊಸದಾಗಿ ಆರಂಭಿಸಬಹುದು. ಹೀಗಿರುವಾಗ ಕೋರ್ಟಿಗೆ ಓಡಾಡುವಷ್ಟೇ ಶ್ರದ್ಧೆಯಿಂದ ಉಳಿದ ಸದಸ್ಯರ ಮನೆಗೂ ಹೋಗಿ ಮಾತನಾಡಿ.

ಆಯ್ಕೆಯಾದ ಬಳಿಕ ನಿಗದಿತ ಅವಧಿ ಕಳೆಯುವವರೆಗೆ ಅವಿಶ್ವಾಸ ನಿರ್ಣಯ ಮಂಡಿಸುವಂತಿಲ್ಲ. ಆ ಅವಧಿ ತಿದ್ದುಪಡಿಗಳಲ್ಲಿ ಬದಲಾಗಿರುವುದರಿಂದ, ನಿಮ್ಮ ಆಯ್ಕೆಯ ದಿನಾಂಕವಿರುವ ನಡವಳಿ ಪ್ರತಿಯನ್ನೂ ವಕೀಲರಿಗೆ ಕೊಡಿ.

ಪ್ರಶ್ನೆ: ಪಂಚಾಯಿತಿ ಚುನಾವಣಾ ವಿಷಯಗಳಲ್ಲಿ ನ್ಯಾಯಾಲಯ ಕೈಹಾಕಬಾರದೆಂದು ಸಂವಿಧಾನ ಹೇಳುತ್ತದೆ. ಹಾಗಾದರೆ ಅವಿಶ್ವಾಸದ ವಿರುದ್ಧ ರಿಟ್ ಅರ್ಜಿ ನಿಲ್ಲುತ್ತದೆಯೇ? ಐದು ವರ್ಷಕ್ಕೆ ಗೆದ್ದವರನ್ನು ನಡುವೆ ಇಳಿಸುವುದೇ ಸಂವಿಧಾನಬಾಹಿರವಲ್ಲವೇ?
– ಓದುಗರೊಬ್ಬರು, ಹಾವೇರಿ

ಉತ್ತರ: 243-ಓ ವಿಧಿಯ ನಿರ್ಬಂಧ ಇರುವುದು ಚುನಾವಣೆಗೆ. ಅವಿಶ್ವಾಸ ಸಭೆಯ ನೋಟಿಸ್ ಚುನಾವಣೆಯಲ್ಲ, ಆದ್ದರಿಂದ 226ನೇ ವಿಧಿಯಡಿ ರಿಟ್ ಅರ್ಜಿ ಸಲ್ಲಿಸಬಹುದು. ಹಾವೇರಿಯವರು ಧಾರವಾಡ ಪೀಠಕ್ಕೆ ಹೋಗಬೇಕು. ಎರಡನೆಯ ಪ್ರಶ್ನೆಗೆ ಸುಪ್ರೀಂ ಕೋರ್ಟ್ 2010ರಲ್ಲಿ ಭಾನುಮತಿ ಪ್ರಕರಣದಲ್ಲಿಯೂ 2014ರಲ್ಲಿ ಉಷಾ ಭಾರ್ತಿ ಪ್ರಕರಣದಲ್ಲಿಯೂ ಉತ್ತರ ಕೊಟ್ಟಿದೆ. ಎರಡೂ ಉತ್ತರ ಪ್ರದೇಶದವು. ಪಂಚಾಯಿತಿಗಳ ಕುರಿತಾದ ಸಂವಿಧಾನದ 9ನೇ ಭಾಗದಲ್ಲಿ ಅವಿಶ್ವಾಸದ ಪ್ರಸ್ತಾಪವಿಲ್ಲದಿದ್ದರೂ ರಾಜ್ಯಗಳು ಅದಕ್ಕೆ ಅವಕಾಶ ಮಾಡಿಕೊಡಬಹುದು ಎಂಬುದು ಈ ತೀರ್ಪುಗಳ ನಿಲುವು. ನಮ್ಮಲ್ಲಿ ಐದು ವರ್ಷಕ್ಕೆ ಜನರು ಆರಿಸುವುದು ಸದಸ್ಯರನ್ನು, ಅಧ್ಯಕ್ಷರನ್ನು ಆರಿಸುವವರು ಆ ಸದಸ್ಯರು. ಅವಿಶ್ವಾಸದಿಂದ ಹೋಗುವುದು ಅಧ್ಯಕ್ಷ ಸ್ಥಾನ ಮಾತ್ರ, ಸದಸ್ಯತ್ವ ಹಾಗೆಯೇ ಉಳಿಯುತ್ತದೆ.